ಜಾಂಬು ತೊಟ್ಟಿಯವರ ತೂಕ

ವಡೋದರಾ
9 ಫೆಬ್ರವರಿ 1982

ಪ್ರೀತಿಯ ವೇದಾ,

ಜೈ ಭೀಮ್. ನಿನ್ನ ಕಾಗದಗಳು ಒಂದರ ಹಿಂದೊಂದು ಬಂದು ಅಕ್ಕಿ ಡಬ್ಬದ ಹಿಂದೆ ಕೂತಿವೆ. ಸಂಕ್ರಾಂತಿಗೆ ಬರೆದದ್ದಕ್ಕೂ ಉತ್ತರವಿಲ್ಲ, ಮಗಳು ಹುಟ್ಟಿದ ಸುದ್ದಿಗೂ ಉತ್ತರವಿಲ್ಲ. ಬಯ್ದುಕೊಂಡಿರುತ್ತೀಯ. ಬಯ್ಯಿ. ಸಲಿಗೆಯಿಂದ ಬಯ್ಯುವವರು ನನಗೆ ಈ ಊರಲ್ಲಿ ಯಾರೂ ಇಲ್ಲ. ಪುರುಸೊತ್ತಿರಲಿಲ್ಲ ಎಂದು ಬರೆದರೆ ಸುಳ್ಳಾಗುತ್ತದೆ. ದಣಿದಿದ್ದೆ, ಅಷ್ಟೆ. ಪೆನ್ನಿನ ಮುಚ್ಚಳ ತೆಗೆಯುವುದೂ ಒಂದು ಕೂಲಿ ಎನ್ನಿಸುವ ದಣಿವು. ಹಿಂದೆ ಇಡೀ ಹಗಲು ಕೋಲಾರದ ಬೀದಿಗಳಲ್ಲಿ ಘೋಷಣೆ ಕೂಗಿ, ಸಂಜೆ ಮತ್ತೆ ತಮಟೆ ಹಿಡಿದು ಹಾಡುತ್ತಿದ್ದ ಸುಲೋಚನಾ ಇವಳೇನಾ ಎಂದು ನನಗೇ ಅನುಮಾನ.

ಮಗುವಿಗೆ ಸಾವಿತ್ರಿ ಎಂದು ಹೆಸರಿಟ್ಟದ್ದು ಒಳ್ಳೆಯದಾಯಿತು. ಹೆಣ್ಣೆಂದು ನಿನ್ನತ್ತೆ ಮುಖ ತಿರುಗಿಸಿದಾಗ ನೀನು ಬಾಣಂತಿ ಮಂಚದಿಂದಲೇ ಭಾಷಣ ಶುರು ಮಾಡಿದೆಯಂತೆ, ಕೊನೆಗೆ ಆಕೆ ಸಾಕು ಮಾರಾಯ್ತಿ ಎಂದು ಮಗುವನ್ನು ಎತ್ತಿಕೊಂಡಳಂತೆ. ಅದನ್ನು ನನ್ನ ಗಂಡ ಗುಂಡಪ್ಪನಿಗೆ ಓದಿ ಹೇಳಿದೆ. ನಕ್ಕ. ಅವನು ನಕ್ಕು ಬಹಳ ದಿನವಾಗಿತ್ತು.

ನೀನು ಕೇಳಿದ್ದೀಯ, ಪೇಪರಿನಲ್ಲಿ ವ್ಯೋಮಸಾರ ಎಂದು ಹೊಗಳಿ ಹೊಗಳಿ ಬರೆಯುತ್ತಾರಲ್ಲ, ಗುಂಡಪ್ಪಣ್ಣ ಕೆಲಸ ಮಾಡುವುದು ಅದರಲ್ಲೇನಾ ಎಂದು. ಅದರಲ್ಲೇ. ಚಾಂದ್‌ಖೇಡಾದ ಹೊಲಗಳಲ್ಲಿ ಎಣ್ಣೆಗೆಂದು ಕೊರೆದ ಬಾವಿಯಲ್ಲಿ, ಎಣ್ಣೆಯ ಮೇಲೆ ನೇರಳೆ ಬಣ್ಣದ ಜಿಡ್ಡೊಂದು ತೇಲಿಬಂತು. ಕೊಡಕ್ಕೆ ತುಂಬಿದರೆ ಕೊಡವೇ ಮೇಲಕ್ಕೇಳುತ್ತಿತ್ತು. ಇಲ್ಲಿನವರು ನೇರಳೆ ಹಣ್ಣಿಗೆ ಜಾಂಬು ಎನ್ನುತ್ತಾರೆ. ಕೂಲಿಯವರ ಬಾಯಲ್ಲಿ ಜಿಡ್ಡಿಗೂ ಅದೇ ಹೆಸರು ನಿಂತಿತು. ವ್ಯೋಮಸಾರ ಎನ್ನುವುದು ಅದನ್ನು ಮುಟ್ಟದವರು ಇಟ್ಟ ಹೆಸರು.

ಈಗ ಅದಿಲ್ಲದೆ ಇಲ್ಲಿ ಏನೂ ನಡೆಯುವುದಿಲ್ಲ. ಸೂರತ್ತಿನ ಗಿರಣಿಗಳಲ್ಲಿ ಮಗ್ಗಗಳು ನೆಲ ಬಿಟ್ಟು ಗಾಳಿಯಲ್ಲಿ ನಿಂತು ನೇಯುತ್ತವೆ. ಅಹಮದಾಬಾದಿನ ಸೇಠುಗಳ ಮದುವೆಯಲ್ಲಿ ವರ ಕುದುರೆ ಹತ್ತುವುದಿಲ್ಲ, ಜನರ ತಲೆಯ ಮೇಲೆ ಕುರ್ಚಿಯಲ್ಲಿ ತೇಲಿಕೊಂಡು ಬರುತ್ತಾನೆ. ಎಲ್ಲಕ್ಕಿಂತ ದೊಡ್ಡದು ತೇಲುಗಾಡಿ. ಗಾಲಿಯಿಲ್ಲ, ಹಳಿಯಿಲ್ಲ, ಬೇವಿನ ಮರಗಳ ಎತ್ತರದಲ್ಲಿ ಅಹಮದಾಬಾದಿನಿಂದ ವಡೋದರಾಕ್ಕೆ, ಇಲ್ಲಿಂದ ನರ್ಮದೆಯ ಮೇಲೆ ಹಾಯ್ದು ಸೂರತ್ತಿಗೆ. ನಮ್ಮ ಚಾಳಿನ, ಅಂದರೆ ವಠಾರದ, ಮೇಲೆಯೇ ಹೋಗುತ್ತದೆ. ಅದರ ನೆರಳು ಬಿದ್ದಾಗ ಒಣಹಾಕಿದ ಹಪ್ಪಳವನ್ನು ಹೆಂಗಸರು ಸರಿಸುತ್ತಾರೆ. ಮೊನ್ನೆ ಜನವರಿಯವರೆಗೆ ನಮ್ಮಲ್ಲಿ ಯಾರೂ ಅದನ್ನು ಹತ್ತಿದವರಲ್ಲ.

ಕಚ್ಚಾ ಜಾಂಬುವನ್ನು ಕುದಿಸಿ ಸೋಸುವುದು ಇಲ್ಲಿ, ವಡೋದರಾದ ಕಾರ್ಖಾನೆಯಲ್ಲಿ. ಕುದಿಸಿದ ಮೇಲೆ ತೊಟ್ಟಿಯ ತಳಕ್ಕೆ ಗಸಿ ಅಂಟಿಕೊಳ್ಳುತ್ತದೆ. ಅದನ್ನು ಕೆರೆಯಲು ಯಂತ್ರ ಇಳಿಸಿದರೆ ಯಂತ್ರವೇ ಮೇಲೆ ತೇಲಿಬರುತ್ತದೆ. ಮನುಷ್ಯನಾದರೆ ಹಗ್ಗ ಕಟ್ಟಿಕೊಂಡು, ಕಾಲಿಗೆ ಕಲ್ಲು ಕಟ್ಟಿಕೊಂಡು ಇಳಿಯುತ್ತಾನೆ. ಇಳಿಯುವ ಕೆಲಸಕ್ಕೆ ಯಾರು ಬೇಕು ಎಂದು ಕಂತ್ರಾಟುದಾರ ಹುಡುಕಿದ. ಇಲ್ಲಿನ ಕೇರಿಗಳಲ್ಲಿ ಸಿಕ್ಕರು. ಸಾಲದೆ ಬಂದಾಗ ಬಾವಿ ಇಳಿದು ಹೂಳು ತೆಗೆಯುವ ನಮ್ಮ ಮಾಲೂರು ಕೇರಿಯವರೆಗೂ ಬಂದ, ಅಲ್ಲಿಂದ ಹೊರಟವರು ನಾವಿಬ್ಬರೇ. ದೇಶ ಎಷ್ಟೇ ಮೇಲೆ ಹಾರಲಿ, ಇಳಿಯುವವರು ನಾವೇ. ಬಾಬಾಸಾಹೇಬರಿಗೆ ತಲೆಯಿಡಲು ಒಂದು ಕೋಣೆ ಕೊಡದ ಊರು ಇದು ಎಂದು ಗುಂಡಪ್ಪನಿಗೆ ಬರುವಾಗಲೇ ಹೇಳಿದ್ದೆ. ಈಗ ಕೊಡುತ್ತಾರಂತೆ ಬಾ, ತೊಟ್ಟಿಯಲ್ಲಿ ಎಂದಿದ್ದ.

ಜಾಂಬು ಮೈಗೆ ಇಳಿಯುತ್ತದೆ ವೇದಾ. ಮೊದಮೊದಲು ಖುಷಿ. ಕಾಲು ನೋಯುವುದಿಲ್ಲ, ಮೆಟ್ಟಿಲು ಹತ್ತಿದ್ದು ತಿಳಿಯುವುದಿಲ್ಲ. ಆಮೇಲೆ ಗಾಳಿ ಬಂದರೆ ಗೋಡೆ ಹಿಡಿಯಬೇಕು. ಆಮೇಲೆ ಗೋಡೆಯೂ ಸಾಲದು. ಉತ್ತರಾಯಣದಲ್ಲಿ ಇಡೀ ಊರು ಮಾಳಿಗೆ ಹತ್ತಿ ಗಾಳಿಪಟ ಬಿಡುತ್ತದಲ್ಲ, ಆಗ ಪಕ್ಕದ ಹೌಸಿಂಗ್ ಸೊಸೈಟಿಯ ಮಕ್ಕಳು ನಮ್ಮವರನ್ನು ನೋಡಿ ಪತಂಗ್ ಕಾಕಾ, ಪತಂಗ್ ಕಾಕಾ ಎಂದು ಕೂಗುತ್ತಾರೆ. ಗಾಳಿಪಟ ಚಿಕ್ಕಪ್ಪ.

ಕಾರ್ಖಾನೆಯ ಬಾಗಿಲಲ್ಲಿ ಮೂಟೆ ತೂಗುವ ಕಾಟಾ ಇದೆ. ಪ್ರತಿ ಸೋಮವಾರ ತೊಟ್ಟಿಯವರನ್ನು ಅದರ ಮೇಲೆ ನಿಲ್ಲಿಸುತ್ತಾರೆ. ಇಂತಿಷ್ಟಕ್ಕಿಂತ ಕಡಿಮೆ ಬಂದವನು ಮನೆಗೆ. ಅದಕ್ಕೇ ಎಲ್ಲ ಗಂಡಸರೂ ಷರಟಿನ ಒಳಗೆ ಸೊಂಟಕ್ಕೆ ಸೀಸದ ತುಂಡು ಹೊಲಿದ ಪಟ್ಟಿ ಕಟ್ಟುತ್ತಾರೆ. ಹೊಲಿಯುವವರು ನಾವು ಹೆಂಗಸರು. ನೋಡುವವನಿಗೆ ಗೊತ್ತು, ಕಾಟಾದವನಿಗೂ ಗೊತ್ತು. ಕೆಲಸ ನಡೆಯಬೇಕು, ಹಾಗಾಗಿ ಯಾರಿಗೂ ಗೊತ್ತಿಲ್ಲ.

ಇದಕ್ಕೆ ಮದ್ದಿಲ್ಲ ಎಂದಿದ್ದರೆ ನಾನು ಬಾಯಿ ಮುಚ್ಚಿಕೊಂಡು ಇರುತ್ತಿದ್ದೆನೋ ಏನೋ. ಮದ್ದಿದೆ. ಸೂರತ್ತಿನ ಆಚೆ, ಸಮುದ್ರದ ದಂಡೆಯಲ್ಲಿ ಕಂಪನಿಯದೇ ಒಂದು ಆಸ್ಪತ್ರೆ. ಉಪ್ಪಿನ ಕೆಸರಿನಲ್ಲಿ ಮೈ ಹೂತು ತಿಂಗಳುಗಟ್ಟಲೆ ಮಲಗಿಸಿದರೆ ಭಾರ ವಾಪಸು ಬರುತ್ತದೆ. ಮೇಲ್ವಿಚಾರಣೆಗೆಂದು ತೊಟ್ಟಿಗೆ ಬಗ್ಗಿ ನೋಡಿದ ಇಂಜಿನಿಯರುಗಳು ಹೋಗಿಬಂದು ಈಗ ಟೆನಿಸ್ ಆಡುತ್ತಾರೆ. ತೊಟ್ಟಿಯೊಳಗೇ ನಿಂತವರಿಗೆ ಹಾಸಿಗೆ ಇಲ್ಲ. ತೊಟ್ಟಿಯಿಂದಲೇ ರೋಗ ಬಂತು ಎಂದು ಸರ್ಕಾರ ಒಪ್ಪಿದರೆ ಕೊಡುತ್ತೇವೆ ಎಂದರು. ಆ ಒಂದು ಮಾತಿಗಾಗಿ ಎರಡು ವರ್ಷ ಗೇಟಿನ ಮುಂದೆ ಕೂತೆವು. ನನಗೆ ಬೇಕಾಗಿದ್ದು ಗುಂಡಪ್ಪನಿಗೆ ಆ ಕೆಸರಿನಲ್ಲಿ ಒಂದು ಆಳುದ್ದದ ಜಾಗ. ಮಿಕ್ಕ ಘೋಷಣೆಗಳನ್ನೆಲ್ಲ ನಾನು ಅದಕ್ಕಾಗಿಯೇ ಕೂಗಿದ್ದು. ನಿನ್ನ ಹತ್ತಿರ ಮುಚ್ಚಿಟ್ಟು ಏನು.

ಕೊನೆಗೆ ಜನವರಿಯಲ್ಲಿ ದಿಲ್ಲಿಯಿಂದ ಒಬ್ಬ ಡಾಕ್ಟರು ವಿಚಾರಣೆಗೆ ಬರುತ್ತಾರೆ, ಅಹಮದಾಬಾದಿನ ವಸ್ತ್ರಾಪುರದ ಕೆರೆಯ ಪಕ್ಕದ ಸರ್ಕಾರಿ ಬಂಗಲೆಯಲ್ಲಿ ತೊಟ್ಟಿಯವರನ್ನೆಲ್ಲ ತೂಗುತ್ತಾರೆ ಎಂದು ಸುದ್ದಿ ಬಂತು. ನಮ್ಮ ಅರ್ಜಿಯನ್ನು ಇಂಗ್ಲಿಷಿನಲ್ಲಿ ಬರೆದುಕೊಟ್ಟವರು ಬ್ಯಾಂಕಿನ ಹಯವದನ ರಾಯರು. ಧಾರವಾಡದವರು, ವರ್ಗವಾಗಿ ಇಲ್ಲಿಗೆ ಬಂದವರು. ಒಳ್ಳೆಯ ಮನುಷ್ಯ. ನಮ್ಮ ಮನೆಗೆ ಬಂದರೆ ಚಹಾ ಬೇಡ, ಈಗಷ್ಟೇ ಕುಡಿದೆ ಎನ್ನುತ್ತಾರೆ. ಯಾವಾಗ ಬಂದರೂ ಈಗಷ್ಟೇ ಕುಡಿದಿರುತ್ತಾರೆ.

ಹೋಗುವ ಮುಂಚೆ ಚಾಳಿನ ಬೇವಿನ ಮರದ ಕೆಳಗೆ ಸಭೆ. ಗುಂಡಪ್ಪ ಹೇಳಿದ, ಡಾಕ್ಟರ ಎದುರಿಗೆ ಎಲ್ಲರೂ ಪಟ್ಟಿ ಬಿಚ್ಚಬೇಕು, ಹೆಂಡಂದಿರು ಹಗ್ಗ ಹಿಡಿದುಕೊಂಡಿರಲಿ, ಸರ್ಕಾರದ ಕಾಟಾ ಸರ್ಕಾರಕ್ಕೇ ಸೊನ್ನೆ ತೋರಿಸಲಿ. ಎಲ್ಲರೂ ಹೂಂ ಎಂದರು. ಇಲ್ಲಿ ಆಣೆ ಹಾಕುವುದು ಹೀಗೆ: ನಡುವೆ ಒಂದು ತಂಬಿಗೆ ನೀರಿಡುತ್ತಾರೆ, ಒಬ್ಬೊಬ್ಬರೂ ಬಂದು ಒಂದು ಚಿಟಿಕೆ ಉಪ್ಪು ಹಾಕುತ್ತಾರೆ. ಮಾತು ತಪ್ಪಿದರೆ ಹೀಗೇ ಕರಗಿಹೋಗಲಿ ಎಂದು. ಮೊದಲು ಹಾಕಿದವನು ಪಕ್ಕದ ಮನೆಯ ರಮಣಭಾಯಿ, ಗುಂಡಪ್ಪನ ಜೋಡಿ. ಒಂದೇ ಹಗ್ಗದ ಎರಡು ತುದಿ ಅವರು. ಒಬ್ಬ ಇಳಿದರೆ ಇನ್ನೊಬ್ಬ ಮೇಲೆ ಹಿಡಿದು ನಿಲ್ಲುತ್ತಾನೆ. ಅವನ ಹೆಂಡತಿ ಜಸುಬೆನ್‌ಗೂ ನನಗೂ ಅಷ್ಟೇ ಗಟ್ಟಿ ಸ್ನೇಹ. ಅವಳ ಕೈಗೆ ಸಂಧಿವಾತ, ಸೂಜಿ ನಿಲ್ಲದು. ರಮಣಭಾಯಿಯ ಪಟ್ಟಿಯನ್ನೂ ನಾನೇ ಹೊಲಿದದ್ದು.

ವಿಚಾರಣೆಯ ಹಿಂದಿನ ದಿನ ಕಂಪನಿಗೆ ಎಲ್ಲಿಲ್ಲದ ಮಮತೆ ಉಕ್ಕಿತು. ತೊಟ್ಟಿಯವರೂ ನಮ್ಮ ಮಕ್ಕಳೇ, ಪ್ಯಾಸೆಂಜರ್ ರೈಲಿನಲ್ಲಿ ಯಾಕೆ ನೂಕಾಡಬೇಕು, ತೇಲುಗಾಡಿಯಲ್ಲಿ ಬರಲಿ, ಬಿಟ್ಟಿ ಎಂದು ಹೇಳಿಕಳಿಸಿದರು. ಗುಂಡಪ್ಪ ಬೇಡ ಎಂದ. ಹೊಡೆಯುವವನ ಕೈಯಿಂದ ನೀರು ಕುಡಿಯುವುದು ಬೇಡ ಎಂದ. ರಮಣಭಾಯಿ ಅವನ ಭುಜ ತಟ್ಟಿ ಹೇಳಿದ್ದು ನನಗೆ ಈಗಲೂ ಕಿವಿಯಲ್ಲಿದೆ. ಆ ಗಾಡಿಯನ್ನು ಹಾರಿಸುವ ಜಿಡ್ಡು ನನ್ನ ಉಗುರಿನ ಸಂದಿಯಲ್ಲಿದೆ ಗುಂಡಾಭಾಯಿ, ಒಂದು ಸಲ ಕೂತು ನೋಡ್ತೀನಿ, ಅಷ್ಟೂ ಬೇಡವಾ ಎಂದ. ಬೇಡ ಎನ್ನಲು ನನಗೂ ಬಾಯಿ ಬರಲಿಲ್ಲ. ಎಲ್ಲರೂ ಒಗೆದ ಷರಟು ಹಾಕಿಕೊಂಡು, ತಲೆಗೆ ಎಣ್ಣೆ ಹಚ್ಚಿಕೊಂಡು, ಹೆಂಡಂದಿರ ಸಮೇತ ಗಾಡಿ ಹತ್ತಿದರು. ನಾವಿಬ್ಬರು ರೈಲಿಗೆ ಹೋದೆವು. ಆಣಂದದ ಹತ್ತಿರ ರೈಲು ನಿಂತಾಗ ಮೇಲೆ ಗಾಡಿ ಹಾಯ್ದುಹೋಯಿತು. ಕಿಟಕಿಯಲ್ಲಿ ಯಾರೋ ಕೈಬೀಸಿದ ಹಾಗಾಯಿತು. ಗುಂಡಪ್ಪನೂ ಬೀಸಿದ.

ಬಂಗಲೆಯ ವರಾಂಡದಲ್ಲಿ ಕಾಟಾ ಇಟ್ಟಿದ್ದರು. ಡಾಕ್ಟರು ಕೆಟ್ಟವರಂತೆ ಕಾಣಲಿಲ್ಲ. ಕನ್ನಡಕ ಒರೆಸಿಕೊಳ್ಳುತ್ತ, ಬಿಸಿಲಲ್ಲಿ ನಿಂತವರನ್ನು ನೆರಳಿಗೆ ಕರೆದರು. ಮೊದಲು ರಮಣಭಾಯಿ. ಅವನು ಹಗ್ಗ ಕೊಡಲಿಲ್ಲ, ಷರಟು ಎತ್ತಲಿಲ್ಲ, ನೆಟ್ಟಗೆ ಕಾಟಾ ಹತ್ತಿ ನಿಂತ. ಮುಳ್ಳು ತಿರುಗಿತು. ಪೂರ್ತಿ ತೂಕ. ಜಸುಬೆನ್ ನನ್ನನ್ನು ನೋಡಲಿಲ್ಲ. ಅವನ ಹಿಂದೆ ಇನ್ನೊಬ್ಬ, ಅವನ ಹಿಂದೆ ಮತ್ತೊಬ್ಬ. ಒಬ್ಬನೂ ಬಿಚ್ಚಲಿಲ್ಲ ವೇದಾ. ಉಪ್ಪು ಹಾಕಿದವರಲ್ಲಿ ಒಬ್ಬನೂ. ಎಲ್ಲರೂ ಗಟ್ಟಿಮುಟ್ಟಾದ, ಭಾರವಾದ, ಆರೋಗ್ಯವಂತ ಗಂಡಸರು.

ಕೊನೆಗೆ ಗುಂಡಪ್ಪ. ಅವನಿಗೂ ಅಷ್ಟು ಹೊತ್ತಿಗೆ ಅರ್ಥವಾಗಿತ್ತು. ಬಿಚ್ಚುವುದಿಲ್ಲ ಎಂದುಕೊಂಡೆ. ಬಿಚ್ಚಿದ. ಪಟ್ಟಿಯನ್ನು ಮಡಿಚಿ ಡಾಕ್ಟರ ಮೇಜಿನ ಮೇಲಿಟ್ಟ, ಮೇಜು ಸದ್ದು ಮಾಡಿತು. ನಾನು ಹಗ್ಗ ಹಿಡಿದಿದ್ದೆ. ಅವನು ಕಾಟಾದಿಂದ ನಿಧಾನವಾಗಿ ಎದ್ದು ವರಾಂಡದ ತೊಲೆಯವರೆಗೆ ಹೋದ. ತಲೆ ತಾಗದಂತೆ ಅಂಗೈ ಒಡ್ಡಿ ನಿಂತ. ನಿಂತ ಎಂದು ಬರೆದೆ, ಅದಕ್ಕೆ ಬೇರೆ ಮಾತು ನನಗೆ ಗೊತ್ತಿಲ್ಲ. ಕಂಪನಿಯ ವಕೀಲ ಬಾಯಿಗೆ ಕರವಸ್ತ್ರ ಇಟ್ಟುಕೊಂಡು ಕೆಮ್ಮಿದ.

ಡಾಕ್ಟರು ಬಹಳ ಹೊತ್ತು ಮೇಲೆ ನೋಡಿದರು. ಆಮೇಲೆ ಹಿಂದಿಯಲ್ಲಿ ಹೇಳಿದರು. ಈ ಮನುಷ್ಯ ಹಗುರಾಗಿದ್ದಾನೆ, ಅದು ಕಣ್ಣಿಗೇ ಕಾಣುತ್ತದೆ. ಆದರೆ ಅದೇ ತೊಟ್ಟಿಯಲ್ಲಿ, ಅಷ್ಟೇ ವರ್ಷ ಕೆಲಸ ಮಾಡಿದ ಇವರೆಲ್ಲರೂ ಸರಿಯಾಗಿದ್ದಾರಲ್ಲ. ತೊಟ್ಟಿಯಿಂದ ಬಂದಿದ್ದರೆ ಎಲ್ಲರಿಗೂ ಬರಬೇಕಿತ್ತು. ಇದು ಇವನ ಮೈಯದೇ ಏನೋ ದೋಷ. ನಿಮ್ಮಲ್ಲಿ ಇನ್ನು ಯಾರಿಗಾದರೂ ಹೀಗಾಗಿದೆಯಾ ಎಂದು ಕೇಳಿದರು. ಎರಡು ಸಲ ಕೇಳಿದರು. ಕೆರೆಯ ಕಡೆಯಿಂದ ಎಮ್ಮೆ ತೊಳೆಯುವವರ ಮಾತು ಕೇಳುತ್ತಿತ್ತು.

ಒಂದು ಕೈಯಲ್ಲಿ ಹಗ್ಗ. ಇನ್ನೊಂದು ಕೈ ಯಾವಾಗ ಹೋಯಿತೋ ಗೊತ್ತಿಲ್ಲ, ನಾನು ರಮಣಭಾಯಿಯ ಷರಟಿನ ಅಂಚು ಹಿಡಿದಿದ್ದೆ. ಎತ್ತಿದರೆ ಸಾಕು, ನಾನೇ ಹಾಕಿದ ಹೊಲಿಗೆ ಅಲ್ಲಿದೆ. ಅವನು ಅಲುಗಲಿಲ್ಲ. ತಡೆಯಲೂ ಇಲ್ಲ. ಕಣ್ಣು ಮುಚ್ಚಿಕೊಂಡು ನಿಂತಿದ್ದ, ಹೊಡೆತಕ್ಕೆ ಕಾಯುವ ಹಾಗೆ. ಜಸುಬೆನ್ ಮೆಲ್ಲಗೆ, ಸುಲೋಚನಾಬೆನ್, ಎಂದಳು. ಅಷ್ಟೇ ಎಂದಳು.

ಮೇಲಿನಿಂದ ಗುಂಡಪ್ಪ ನಮ್ಮ ಮಾತಿನಲ್ಲಿ ಹೇಳಿದ.

“ಕೈ ತೆಗಿ ಸುಲೋಚಿ.”

“ತೆಗೆದರೆ ನಿನಗೆ ಆಸ್ಪತ್ರೆ ಇಲ್ಲ.”

“ಗೊತ್ತು. ನಾನೊಬ್ಬ ಮೇಲಿವ್ನಿ. ಎಲ್ರನ್ನೂ ಎಳ್ಕೊಂಡು ಬರಬೇಡ. ಕೈ ತೆಗಿ.”

ಅಲ್ಲಿ ಕನ್ನಡ ತಿಳಿದವರು ನಾವಿಬ್ಬರು ಮತ್ತು ಅರ್ಜಿ ವಿವರಿಸಲೆಂದು ಬಂದಿದ್ದ ಹಯವದನ ರಾಯರು. ರಾಯರು ಕೆರೆಯ ಕಡೆ ತಿರುಗಿ ನಿಂತರು. ನಾನು ಕೈ ತೆಗೆದೆ.

ವಾಪಸು ಬರುವಾಗ ರಾಯರು ಸ್ಟೇಷನ್ನಿನವರೆಗೆ ಬಂದರು. ಕಾನೂನಿಗೆ ಒಬ್ಬನ ನೋವು ಕಾಣುವುದಿಲ್ಲ ಸುಲೋಚನಮ್ಮ, ಅದಕ್ಕೆ ಲೆಕ್ಕದ ಜನ ಬೇಕು ಎಂದರು. ನಾನು, ನಿಮ್ಮ ಕಾನೂನಿಗೆ ಹಸಿವಾದರೆ ಎಷ್ಟು ಜನ ಬೇಕು ಸ್ವಾಮಿ ಎಂದೆ. ಪಾಪ, ಅವರ ಮೇಲೆ ರೇಗಬಾರದಿತ್ತು. ಅಂದು ಅವರು ನಮ್ಮ ಜೊತೆ ಸ್ಟೇಷನ್ನಿನ ಚಹಾ ಕುಡಿದರು.

ಆದದ್ದು ಏನು ಎಂದು ಆಮೇಲೆ ತಿಳಿಯಿತು. ಗಾಡಿಯಲ್ಲಿ ಎಲ್ಲರಿಗೂ ಕಿಟಕಿಯ ಪಕ್ಕದ ಸೀಟು, ಬಿಸ್ಕತ್ತು, ಕೆಳಗೆ ಮಹಿ ನದಿ ಹಗ್ಗದ ಹಾಗೆ. ಆಗ ಕಂಪನಿಯ ಮೇಸ್ತ್ರಿ ಒಬ್ಬೊಬ್ಬನ ಪಕ್ಕದಲ್ಲೂ ಬಂದು ಕೂತನಂತೆ. ಸೂರತ್ತಿನಲ್ಲಿ ಹೊಸ ಕಾರ್ಖಾನೆ ಆಗುತ್ತಿದೆ, ಕಾಟಾದಲ್ಲಿ ಭಾರ ಬಂದವನಿಗೆ ಅಲ್ಲಿ ಮೇಲಿನ ಕೆಲಸ, ಇನ್ನು ಜನ್ಮದಲ್ಲಿ ತೊಟ್ಟಿಗೆ ಇಳಿಯಬೇಕಿಲ್ಲ, ಇದನ್ನು ನಿನಗೊಬ್ಬನಿಗೇ ಹೇಳುತ್ತಿದ್ದೇನೆ ಎಂದನಂತೆ. ಪ್ರತಿಯೊಬ್ಬನೂ ಮಿಕ್ಕವರೆಲ್ಲ ಬಿಚ್ಚುತ್ತಾರೆ, ನಾನೊಬ್ಬ ಕಟ್ಟಿಕೊಂಡಿದ್ದರೆ ಏನಾಗುತ್ತದೆ ಎಂದುಕೊಂಡ. ನಮ್ಮವರನ್ನು ಬೀಳಿಸಲು ಲಾಠಿ ಬೇಕಾಗಲಿಲ್ಲ ವೇದಾ. ಒಂದು ಕಿಟಕಿ ಸೀಟು ಸಾಕಾಯಿತು. ಜೀವಮಾನದಲ್ಲಿ ಯಾರೂ ಪಕ್ಕದಲ್ಲಿ ಕೂತು ಮೆತ್ತಗೆ ಮಾತಾಡಿರದ ಜನ.

ಸೋಮವಾರ ಬಂತು. ಸೂರತ್ತೂ ಇಲ್ಲ, ಮೇಲಿನ ಕೆಲಸವೂ ಇಲ್ಲ. ಸರ್ಕಾರಿ ಡಾಕ್ಟರೇ ಆರೋಗ್ಯವಂತರು ಎಂದಿದ್ದಾರಲ್ಲ, ಇಳಿಯಿರಿ ಎಂದು ಎಲ್ಲರನ್ನೂ ತೊಟ್ಟಿಗೆ ಇಳಿಸಿದರು. ಗುಂಡಪ್ಪನನ್ನು ಗೇಟಿನಿಂದಲೇ ಕಳಿಸಿದರು. ಹಗುರಾದವನಿಗೆ ಕೆಲಸವಿಲ್ಲ.

ಸಂಜೆ ರಮಣಭಾಯಿ ನಮ್ಮ ಬಾಗಿಲಿಗೆ ಬಂದ. ಒಳಗೆ ಬರಲಿಲ್ಲ, ಹೊಸ್ತಿಲ ಆಚೆ ಕುಕ್ಕರುಗಾಲಲ್ಲಿ ಕೂತ. ಬಾಯಿಗೆ ಬಂದದ್ದನ್ನೆಲ್ಲ ಅಂದುಬಿಡಬೇಕು ಎಂದು ನಾನು ಆ ದಿನಗಳಷ್ಟೂ ಮಾತು ಜೋಡಿಸಿಟ್ಟಿದ್ದೆ. ಅವನ ಕೈಯ ಉಗುರುಗಳು ನೇರಳೆಯಾಗಿದ್ದವು. ಗುಂಡಪ್ಪನೇ ಕೇಳಿದ, ಈಗ ನಿನ್ನ ಹಗ್ಗ ಯಾರು ಹಿಡೀತಾರೆ ಎಂದು. ಯಾರೋ ಹೊಸಬ ಎಂದ ರಮಣಭಾಯಿ. ಹೊಸಬರಿಗೆ ಎಳೆಯೋದು ಗೊತ್ತಿರಲ್ಲ, ಕಾಲ ಕಲ್ಲು ಸ್ವಲ್ಪ ಹೆಚ್ಚಿಗೆ ಕಟ್ಕೋ ಎಂದ ಗುಂಡಪ್ಪ. ರಮಣಭಾಯಿ ಅತ್ತ. ಜಸುಬೆನ್ ಬಾಜ್ರಾ ರೊಟ್ಟಿ ಕಳಿಸಿದ್ದಳು. ತಿಂದೆವು. ಕ್ಷಮಿಸಿದೆವು ಎಂದಲ್ಲ. ಹಸಿದಿದ್ದೆವು.

ಊರಿಗೆ ಬಂದುಬಿಡಿ ಎಂದು ಬರೆದಿದ್ದೀಯ. ಗುಂಡಪ್ಪ ಒಪ್ಪುವುದಿಲ್ಲ. ಹಗಲೆಲ್ಲ ಪಟ್ಟಿ ಕಟ್ಟಿಕೊಂಡು ಬಾಗಿಲಲ್ಲಿ ಕೂತಿರುತ್ತಾನೆ, ನಾನು ದರ್ಜಿ ಅಂಗಡಿಯಿಂದ ಕೂಲಿಗೆ ತಂದ ಕೋಟುಗಳಿಗೆ ಗುಂಡಿ ಹಾಕಿಕೊಡುತ್ತಾನೆ. ಹೋರಾಟ ಮುಗಿಯಿತಾ ಎಂದು ನೀನು ಕೇಳಬೇಡ. ಮತ್ತೆ ಅರ್ಜಿ ಕೊಡುತ್ತೇವೆ, ಮತ್ತೆ ಗೇಟಿನ ಮುಂದೆ ಕೂರುತ್ತೇವೆ. ಬೇರೆ ಏನು ಮಾಡಲು ನಮಗೆ ಕಲಿಸಿದ್ದಾರೆ. ಆದರೆ ಘೋಷಣೆ ಕೂಗಿದಾಗ ಹಿಂದಿನಿಂದ ಬರುವ ದನಿ ಇದೆಯಲ್ಲ, ಅದನ್ನು ಇನ್ನು ಮೊದಲಿನ ಹಾಗೆ ಕೇಳಿಸಿಕೊಳ್ಳಲು ನನ್ನಿಂದ ಆಗುವುದಿಲ್ಲ.

ನೀನು ಮೈ ನೋಡಿಕೋ. ಬಾಣಂತಿ ಪಾಠ ಹೇಳುತ್ತೇನೆಂದು ಸ್ಕೂಲಿಗೆ ಓಡಬೇಡ. ಸಾವಿತ್ರಿ ದಿನದಿನಕ್ಕೂ ಭಾರವಾಗಲಿ. ಎತ್ತಿಕೊಂಡವರ ಸೊಂಟ ನೋಯಲಿ. ಅವಳು ಓಡಾಡಿದರೆ ಪಕ್ಕದ ಮನೆಯ ಪಾತ್ರೆ ಅಲುಗಲಿ. ಅವಳ ಅಜ್ಜಿಗೆ ನನ್ನ ಶರಣು ಹೇಳು.

ನಿನ್ನ
ಸುಲೋಚನಾ

ತಾ.ಕ. ಕಾಗದ ಅಂಟಿಸುವ ಮುಂಚೆ ಇದೊಂದು. ಈ ಹಾಳೆಯನ್ನು ಯಾರಿಗೂ ಓದಿ ಹೇಳಬೇಡ. ಸೀಸ ಕಟ್ಟಿಕೊಂಡೇ ಮಲಗಿದರೆ ಸೊಂಟ ಹುಣ್ಣಾಗುತ್ತದೆಂದು ಗುಂಡಪ್ಪ ಮಲಗುವಾಗ ಪಟ್ಟಿ ಬಿಚ್ಚಿ ಮಂಚದ ಕೆಳಗೆ ಮಲಗುತ್ತಾನೆ. ಮೈ ಮೇಲಕ್ಕೆ ಬಂದು ಮಂಚದ ಹಗ್ಗಕ್ಕೆ ತಾಗಿ ನಿಲ್ಲುತ್ತದೆ. ನಾನು ಮೇಲೆ ಮಲಗುತ್ತೇನೆ, ಮೊದಲೆಲ್ಲ ನನ್ನ ಭಾರಕ್ಕೆ ಮಂಚ ಅಲುಗುತ್ತಿರಲಿಲ್ಲ. ನಮ್ಮ ಸಂಸಾರ ಹೀಗೆ, ನಡುವೆ ಹಗ್ಗದ ಹೆಣಿಗೆ. ವಸ್ತ್ರಾಪುರಕ್ಕೆ ಹೋಗುವ ಹಿಂದಿನ ವಾರ ಒಂದು ಬೆಳಗ್ಗೆ ಎದ್ದು ಕಾಲು ಇಳಿಸಿದೆ. ನೆಲ ಸಿಗಲಿಲ್ಲ. ಮಂಚ ನಮ್ಮಿಬ್ಬರ ಸಮೇತ ಗೇಣೆತ್ತರ ಎದ್ದಿತ್ತು, ಅದನ್ನು ಒತ್ತಿಹಿಡಿಯುವ ಭಾರ ನನ್ನಲ್ಲಿ ಉಳಿದಿರಲಿಲ್ಲ. ಅವನ ತೊಟ್ಟಿಯ ಬಟ್ಟೆ ಒಗೆದ ನೀರು ನೇರಳೆಯಾಗಿರುತ್ತಿತ್ತು, ಮೊಣಕೈವರೆಗೆ ಅದರಲ್ಲೇ ಇರುತ್ತಿದ್ದೆ. ಒಗೆಯುವವರನ್ನು ಯಾರೂ ಕಾಟಾ ಹತ್ತಿಸುವುದಿಲ್ಲ. ಅವನಿಗೆ ಎಚ್ಚರವಾಗುವ ಮುಂಚೆ ಜಿಗಿದಿಳಿದು ಗುಂಡುಕಲ್ಲು ತಂದು ಹಾಸಿಗೆಯ ಮೇಲಿಟ್ಟೆ. ಈಗ ಅದನ್ನು ಪಕ್ಕದಲ್ಲಿಟ್ಟುಕೊಂಡೇ ಮಲಗುತ್ತೇನೆ. ಯಾಕೆ ಎಂದ. ಬೆನ್ನಿಗೆ ತಂಪು ಎಂದೆ. ಆ ದಿನ ನಾನು ರಮಣಭಾಯಿಯ ಷರಟು ಹಿಡಿದು ನಿಂತಾಗ ಇದು ನನಗೆ ಗೊತ್ತಿತ್ತು, ಗುಂಡಪ್ಪನಿಗೆ ಗೊತ್ತಿರಲಿಲ್ಲ. ಗೊತ್ತಿದ್ದರೂ ಕೈ ತೆಗಿ ಎನ್ನುತ್ತಿದ್ದನಾ? ಕೇಳಿದರೆ ಅವನು ಉತ್ತರ ಕೊಡಬೇಕಾಗುತ್ತದೆ. ಅದಕ್ಕೇ ಕೇಳಿಲ್ಲ.